ಬಿಯರ್ಡೆಡ್ ಡ್ರ್ಯಾಗನ್ ಸುಮ್ಮನಿದೆಯೇ? ಮುಂಬಯಿ ಮನೆಗಳಿಗೆ ಮಾಡಬೇಕಾದ್ದು, ಮಾಡಬಾರದ್ದು

ಮುಂಬಯಿ ಮತ್ತು ಉಪನಗರಗಳಲ್ಲಿ ಬಿಯರ್ಡೆಡ್ ಡ್ರ್ಯಾಗನ್ ಸಾಕಿರುವ, ಸಾಕಲು ಹೊರಟಿರುವ ಮನೆಗಳಿಗೆ ಈ ಸೂಚನೆ. ಇದು ಆಸ್ಟ್ರೇಲಿಯಾದ ಒಣನಾಡಿನ ಓತಿ. ನಮ್ಮ ಬೇಲಿಯ ಓತಿಕ್ಯಾತ, ತೇಜಸ್ವಿಯವರ 'ಕರ್ವಾಲೊ'ದಲ್ಲಿ ಬರುವ ಹಾರುವ ಓತಿ, ಈ ಡ್ರ್ಯಾಗನ್ ಮೂರೂ ಒಂದೇ ಕುಟುಂಬ. ಡ್ರ್ಯಾಗನ್ ಕೂಗುವುದಿಲ್ಲ, ನರಳುವುದಿಲ್ಲ. ಹೇಳಬೇಕಾದ್ದನ್ನು ಗಡ್ಡ, ಕೈ, ತಲೆ, ಮೈಬಣ್ಣದಲ್ಲಿ ಹೇಳುತ್ತದೆ. ಕಾಯಿಲೆಯನ್ನು ಕೊನೆಯವರೆಗೂ ಮುಚ್ಚಿಡುತ್ತದೆ. 'ಎಷ್ಟು ಸಾಧು' ಎಂದು ಹೊಗಳಿಸಿಕೊಳ್ಳುವ ಡ್ರ್ಯಾಗನ್‌ಗಳಲ್ಲಿ ಹಲವು ಚಳಿಗೆ ಮರಗಟ್ಟಿದವು, ಇಲ್ಲವೇ ರೋಗಕ್ಕೆ ಸೋತವು. ಗುರುತು ತಪ್ಪಾಗಿ ಓದಿದರೆ ಪ್ರಾಣಿ ಸಾಯುತ್ತದೆ.

ಮಾಡಬೇಕಾದ್ದು

ಕೊಳ್ಳುವ ಮೊದಲು

• ಅಂಗಡಿಯ ನೋಂದಣಿ ಪತ್ರ ಕೇಳಿ. 2018ರ ಪೆಟ್ ಶಾಪ್ ನಿಯಮದಂತೆ ರಾಜ್ಯದ ಪ್ರಾಣಿ ಕಲ್ಯಾಣ ಮಂಡಳಿಯಲ್ಲಿ ನೋಂದಾಯಿಸದೆ ಪ್ರಾಣಿ ಮಾರುವಂತಿಲ್ಲ.
• ಬಿಲ್ ಪಡೆಯಿರಿ. ಮರಿ ಎಲ್ಲಿ ಹುಟ್ಟಿತು ಎಂದು ಅದರಲ್ಲೇ ಬರೆಸಿ.
• ಕೊಳ್ಳುವ ಜೀವಿ ಸೈಟಿಸ್ (ಅಳಿವಿನಂಚಿನ ಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರ ಒಪ್ಪಂದ) ಪಟ್ಟಿಯಲ್ಲಿದೆಯೇ ಎಂದು ಅರಣ್ಯ ಇಲಾಖೆಯಲ್ಲಿ ವಿಚಾರಿಸಿ. ಮಹಾರಾಷ್ಟ್ರದ ಸಹಾಯವಾಣಿ 1926.
• ಹಸಿರು ಇಗ್ವಾನಾ, ಬಾಲ್ ಹೆಬ್ಬಾವಿನಂಥ ಪಟ್ಟಿಯ ಜೀವಿ ಜೊತೆಗಿದ್ದರೆ ಕೇಂದ್ರ ಪರಿಸರ ಸಚಿವಾಲಯದ ಪರಿವೇಶ್ 2.0 ಜಾಲತಾಣದಲ್ಲಿ ನೋಂದಾಯಿಸಿ. 2024ರ ಫೆಬ್ರುವರಿಯಲ್ಲಿ ಬಂದ ನಿಯಮ ಇದು. ಹೊಸದಾಗಿ ಕೈಗೆ ಬಂದ ಜೀವಿಗೆ 30 ದಿನದ ಗಡುವು.
• ಸರೀಸೃಪ ನೋಡುವ ಡಾಕ್ಟರನ್ನು ಮೊದಲು ಹುಡುಕಿ, ಆಮೇಲೆ ಪ್ರಾಣಿ ತನ್ನಿ. ನಾಯಿ ಬೆಕ್ಕು ನೋಡುವವರೆಲ್ಲ ಓತಿ ನೋಡುವುದಿಲ್ಲ.
• ಹತ್ತು ವರ್ಷದ ಜವಾಬ್ದಾರಿ ಎಂದು ಲೆಕ್ಕ ಹಾಕಿ. ಹತ್ತನೇ ಕ್ಲಾಸಿನ ಮಗ ಕೆಲಸ ಹಿಡಿದು ಊರು ಬಿಟ್ಟಾಗಲೂ ಅದು ಇದ್ದೇ ಇರುತ್ತದೆ.

ಗುರುತು ಓದಲು

• ಮೊದಲ ಎರಡು ವಾರ ದೂರದಿಂದ ನೋಡಿ.
• ಎಷ್ಟು ಹೊತ್ತಿಗೆ ಏಳುತ್ತದೆ, ಎಲ್ಲಿ ಕೂರುತ್ತದೆ, ಎಷ್ಟು ತಿನ್ನುತ್ತದೆ, ಯಾವಾಗ ಮಲ ಹಾಕುತ್ತದೆ, ಬರೆದಿಡಿ. ಒಂದು ಪುಕ್ಕಲು, ಒಂದು ಹುಂಬ. ನಿಮ್ಮದು ಯಾವುದೆಂದು ತಿಳಿದರಷ್ಟೇ ಬದಲಾದದ್ದು ಕಾಣುತ್ತದೆ.
• ವಾರಕ್ಕೊಮ್ಮೆ ಅಡುಗೆಗೆ ಬಳಸದ ತಕ್ಕಡಿಯಲ್ಲಿ ತೂಗಿ.
• ಗಡ್ಡ ಕಪ್ಪಾದರೆ ಕೈ ಹಿಂದೆ ತೆಗೆದುಕೊಳ್ಳಿ. ಅದು ಹೆದರಿಕೆ, ಬೆದರಿಕೆ, ಬೆದೆ, ನೋವು, ಯಾವುದೂ ಆಗಿರಬಹುದು.
• ಗಡ್ಡ ದಿನವಿಡೀ ಕಪ್ಪಾಗಿದ್ದು ಊಟವೂ ಬಿಟ್ಟಿದ್ದರೆ ನೋವೆಂದೇ ತಿಳಿದು ಡಾಕ್ಟರಿಗೆ ತೋರಿಸಿ.
• ಒಂದು ಮುಂಗೈ ಎತ್ತಿ ನಿಧಾನಕ್ಕೆ ತಿರುಗಿಸಿದರೆ ಎದುರಿಗೆ ಏನಿದೆ ನೋಡಿ. ಮಕ್ಕಳು 'ಟಾಟಾ ಮಾಡ್ತಿದೆ' ಎಂದು ನಗುತ್ತಾರೆ. ಅದು ಮಾಡುತ್ತಿರುವುದು ಶರಣಾಗತಿ.
• ಕಪ್ಪು ಗಡ್ಡದ ಜೊತೆ ತಲೆ ಜೋರಾಗಿ ಕುಣಿಸಿದರೆ ಬಿಟ್ಟುಬಿಡಿ. ಗಂಡಿನ ದರ್ಪ ಅದು.
• ಟ್ಯಾಂಕಿನ ಬಿಸಿ ದೀಪದ ಕೆಳಗೆ ಬಾಯಿ ತೆರೆದು ಕೂತರೆ ಕೂರಲು ಬಿಡಿ. ಮೈಬಿಸಿ ಇಳಿಸಿಕೊಳ್ಳುತ್ತಿದೆ.
• ದೀಪದಿಂದ ದೂರ ಕೂತು ಬಾಯಿ ತೆರೆದಿದ್ದರೆ ಬಾಯೊಳಗೆ ಲೋಳೆ ಇದೆಯೇ ನೋಡಿ.
• ಬೆಳಿಗ್ಗೆ ಮೈ ಕಪ್ಪಾಗಿಸಿ ಚಪ್ಪಟೆಯಾಗಿ ಬಿದ್ದಿದ್ದರೆ ಬಿಸಿ ಹೀರಲು ಬಿಡಿ.
• ಮಧ್ಯಾಹ್ನವೂ ಹಾಗೇ ಇದ್ದರೆ ದೀಪದ ಕೆಳಗಿನ ಬಿಸಿ ಅಳೆಯಿರಿ.
• ಗಾಜು ಕೆರೆಯುತ್ತ ಮೇಲೆ ಕೆಳಗೆ ಓಡಿದರೆ ಕಾರಣ ಹುಡುಕಿ: ಪ್ರತಿಬಿಂಬ, ಇಕ್ಕಟ್ಟು, ಅತಿ ಬಿಸಿ.
• ಹೆಣ್ಣು ಮೂಲೆಮೂಲೆ ತೋಡುತ್ತಿದ್ದರೆ ಒದ್ದೆ ಮಣ್ಣಿನ ಆಳವಾದ ಪೆಟ್ಟಿಗೆ ಇಡಿ. ಗಂಡಿಲ್ಲದೆಯೂ ಮೊಟ್ಟೆ ಕಟ್ಟುತ್ತದೆ. ಒಳಗೇ ಸಿಕ್ಕಿಕೊಂಡರೆ ಪ್ರಾಣಕ್ಕೆ ಬರುತ್ತದೆ.
• ಪೊರೆ ಬಿಡುವ ಕಾಲದಲ್ಲಿ ಕಣ್ಣುಗುಡ್ಡೆ ಕ್ಷಣಕಾಲ ಉಬ್ಬಿಸಿದರೆ ಸುಮ್ಮನಿರಿ.
• ಡಿಸೆಂಬರ್–ಫೆಬ್ರುವರಿಯಲ್ಲಿ ದೊಡ್ಡ ಡ್ರ್ಯಾಗನ್ ಊಟ ಬಿಟ್ಟು ಮಲಗತೊಡಗಿದರೆ ಮಲ ಪರೀಕ್ಷೆ ಮಾಡಿಸಿ. ಚಳಿಗಾಲದ ನಿದ್ದೆಯೂ ಹೊಟ್ಟೆಹುಳದ ಸುಸ್ತೂ ಹೊರಗಿನಿಂದ ಒಂದೇ ತರ ಕಾಣುತ್ತವೆ.
• ವರ್ಷ ತುಂಬದ ಮರಿ ಊಟ ಬಿಟ್ಟರೆ ನಿದ್ದೆಯ ಮಾತು ಬಿಡಿ, ಆಸ್ಪತ್ರೆಗೆ ಒಯ್ಯಿರಿ.

ಬಿಸಿ, ಬೆಳಕು, ಮಳೆ

ಸ್ವಭಾವ ಕೆಟ್ಟಿತು ಎಂದು ದೂರುವವರು ಮೊದಲು ಟ್ಯಾಂಕ್ ನೋಡಿಕೊಳ್ಳಬೇಕು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮುಂಬಯಿ ಈ ಪ್ರಾಣಿಯ ಊರೇ ಅಲ್ಲ. ಅದಕ್ಕೆ ಬೇಕಾದ ತೇವಾಂಶ ಶೇಕಡಾ 30–40. ಜುಲೈನಲ್ಲಿ ನಮ್ಮ ಗಾಳಿಯಲ್ಲಿರುವುದು 80ಕ್ಕೂ ಹೆಚ್ಚು. ಇಷ್ಟು ತೇವ ತಿಂಗಳುಗಟ್ಟಲೆ ಉಸಿರಾಡಿದರೆ ಶ್ವಾಸಕೋಶಕ್ಕೆ ಸೋಂಕು ತಗಲುತ್ತದೆ.

• ತೇವಾಂಶ ಮೀಟರ್ ಟ್ಯಾಂಕಿನ ಒಳಗೇ ಇಡಿ.
• ಮಳೆಗಾಲದಲ್ಲಿ ನೀರಿನ ಬಟ್ಟಲು ತಂಪಿನ ಬದಿಗೆ ಸರಿಸಿ.
• ಟ್ಯಾಂಕಿನ ನೆಲಕ್ಕೆ ಹಾಸಿದ ಕಾಗದ ಒದ್ದೆಯಾದರೆ ಅಂದೇ ಬದಲಿಸಿ.
• ಟ್ಯಾಂಕಿನ ಮೇಲ್ಭಾಗ ಜಾಲರಿಯದ್ದಿರಲಿ, ಗಾಳಿ ಆಡಲಿ.
• ಡಿಹ್ಯುಮಿಡಿಫೈಯರ್ ಕೊಳ್ಳಲು ಆಗುವವರು ಕೊಳ್ಳಿ. ಆಗದವರು ಟ್ಯಾಂಕನ್ನು ಬಚ್ಚಲು, ಅಡುಗೆಮನೆ, ಒದ್ದೆ ಬಟ್ಟೆ ಒಣಹಾಕುವ ಹಗ್ಗ ಮೂರರಿಂದಲೂ ದೂರ ಇಡಿ.
• ನೆಲಮಹಡಿಯವರು ಟ್ಯಾಂಕನ್ನು ಎತ್ತರದ ಮೇಜಿನ ಮೇಲೇರಿಸಿ. ನೀರು ನುಗ್ಗುವ ರಾತ್ರಿ ಎತ್ತಲು ಕೈ ಸಾಲುವುದಿಲ್ಲ.
• ಬಿಸಿಲು ಕಾಯುವ ಜಾಗ 38–42 ಡಿಗ್ರಿ, ತಂಪಿನ ಬದಿ 24–29 ಡಿಗ್ರಿ ಇರಿಸಿ.
• ಯುವಿಬಿ (ಅತಿನೇರಳೆ ಕಿರಣದ) ಟ್ಯೂಬ್ ದಿನಕ್ಕೆ 12 ಗಂಟೆ ಉರಿಸಿ. ಉರಿಯುತ್ತಿದ್ದರೂ ವರ್ಷದೊಳಗೆ ಬದಲಿಸಿ.
• ರಾತ್ರಿ ಎಲ್ಲ ದೀಪ ಆರಿಸಿ. 2016ರಲ್ಲಿ ಜರ್ಮನಿಯ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯವರು ಈ ಓತಿಗೂ ನಮ್ಮಂತೆ ಗಾಢನಿದ್ದೆ, ಕಣ್ಣು ಚಲಿಸುವ ನಿದ್ದೆ ಎರಡೂ ಇವೆ ಎಂದು ತೋರಿಸಿದರು.
• ಬಾಗಿಲಿಗೆ ಚಿಲಕ ಹಾಕಿ. ಬ್ರಿಟನ್ನಿನ ಲಿಂಕನ್ ವಿಶ್ವವಿದ್ಯಾಲಯದ ಪ್ರಯೋಗದಲ್ಲಿ ಒಂದು ಡ್ರ್ಯಾಗನ್ ಬಾಗಿಲು ಸರಿಸುವುದನ್ನು ನೋಡಿ ಉಳಿದವೂ ಸರಿಸಿದವು. ಪೆದ್ದು ಪ್ರಾಣಿಯಲ್ಲ.

ಊಟ, ಕೈ

• ದೊಡ್ಡದಕ್ಕೆ ಹೆಚ್ಚು ಸೊಪ್ಪು, ಸ್ವಲ್ಪ ಹುಳು. ಮರಿಗೆ ಹೆಚ್ಚು ಹುಳು, ಸ್ವಲ್ಪ ಸೊಪ್ಪು ಕೊಡಿ.
• ನುಗ್ಗೆ ಸೊಪ್ಪು, ಸಿಹಿಗುಂಬಳ, ದಾಸವಾಳದ ಹೂವು ಕೊಡಿ. ಊರಿನವರ ಹಿತ್ತಲಿನದಾದರೆ ಇನ್ನೂ ಒಳ್ಳೆಯದು.
• ಹುಳು ಡ್ರ್ಯಾಗನ್ನಿನ ಎರಡು ಕಣ್ಣಿನ ನಡುವಿನ ಅಂತರಕ್ಕಿಂತ ಚಿಕ್ಕದಿರಲಿ.
• ಹುಳುವಿಗೆ ಕ್ಯಾಲ್ಸಿಯಂ ಪುಡಿ ಹಚ್ಚಿ.
• ಎತ್ತುವಾಗ ಪಕ್ಕದಿಂದ ಕೈ ತನ್ನಿ, ಎದೆಯ ಕೆಳಗೆ ಅಂಗೈ ಕೊಡಿ, ಹಿಂಗಾಲಿಗೂ ಆಸರೆ ಕೊಡಿ.
• ಮುಟ್ಟಿದ ಮೇಲೆ ಸೋಪಿನಿಂದ ಕೈ ತೊಳೆಯಿರಿ. ಪ್ರತಿ ಸಲವೂ.

ಮಾಡಬಾರದ್ದು

• ಬಿಲ್ಲಿಲ್ಲದ ಮಾಲು ಕೊಳ್ಳುವುದು ಬೇಡ. 2022ರ ಅಕ್ಟೋಬರ್‌ನಲ್ಲಿ ಮುಂಬಯಿ ಏರ್ ಕಾರ್ಗೋದಲ್ಲಿ ಅಲಂಕಾರಿಕ ಮೀನಿನ ನಡುವೆ ಅಡಗಿಸಿ ತಂದ 665 ಪ್ರಾಣಿಗಳನ್ನು ಕಂದಾಯ ಗುಪ್ತಚರ ನಿರ್ದೇಶನಾಲಯವಾದ ಡಿಆರ್‌ಐ ಹಿಡಿಯಿತು. ಹಲ್ಲಿ, ಆಮೆ, ಹೆಬ್ಬಾವು ಎಲ್ಲ ಇದ್ದ ಆ ರಾಶಿಯಲ್ಲಿ 117 ಸತ್ತಿದ್ದವು.
• ಕ್ರಾಫರ್ಡ್ ಮಾರ್ಕೆಟ್ಟಿನಲ್ಲಾಗಲಿ ಕುರ್ಲಾದಲ್ಲಾಗಲಿ 'ಪಾಪ' ಎಂದು ಸೊರಗಿದ ಮರಿ ಕೊಳ್ಳುವುದು ಬೇಡ. ನೀವು ಬಿಡಿಸಿ ತಂದ ಜಾಗಕ್ಕೆ ನಾಳೆ ಇನ್ನೊಂದು ಬರುತ್ತದೆ.
• ಚಿಕ್ಕ ಮರಿ ಗಂಡೋ ಹೆಣ್ಣೋ ಎಂಬುದರಲ್ಲಿ ಅಂಗಡಿಯವರ ಮಾತು ನಂಬುವುದು ಬೇಡ.
• ಆರೆ ಕಾಲೋನಿಯ ಓತಿಕ್ಯಾತ ಹಿಡಿದು ತಂದು ಸಾಕಬಾರದು.
• ಮೇಲಿನಿಂದ ಕೈ ಹಾಕಬಾರದು. ನೆತ್ತಿಯ ಮೇಲೆ ಬೆಳಕು ಗ್ರಹಿಸುವ ಮೂರನೇ ಕಣ್ಣಿದೆ. ಮೇಲಿನ ನೆರಳೆಂದರೆ ಅದಕ್ಕೆ ಹದ್ದು.
• ಬಾಲ ಹಿಡಿದು ಎತ್ತಬಾರದು. ಹಲ್ಲಿಯಂತಲ್ಲ, ಹೋದ ಬಾಲ ಮತ್ತೆ ಬೆಳೆಯುವುದಿಲ್ಲ.
• ಸವರುವಾಗ ಕಣ್ಣು ಮುಚ್ಚಿದರೆ ಸುಖಪಡುತ್ತಿದೆ ಎಂದು ಮುಂದುವರಿಸುವುದು ಬೇಡ.
• ಎರಡನ್ನು ಒಂದೇ ಟ್ಯಾಂಕಿನಲ್ಲಿ ಇಡಬಾರದು.
• ಒಂದರ ಮೇಲೊಂದು ಕೂತಿರುವುದನ್ನು ಪ್ರೀತಿ ಎಂದು ಫೋಟೊ ಹಾಕುವುದು ಬೇಡ. ಮೇಲಿನದು ಬಿಸಿಲು ಕಸಿದುಕೊಳ್ಳುತ್ತಿದೆ, ಕೆಳಗಿನದು ದಿನದಿನಕ್ಕೆ ಸೊರಗುತ್ತಿದೆ.
• ಜೊತೆ ಬೇಕೆಂದು ಕನ್ನಡಿ ಇಡುವುದು ಬೇಡ.
• ರೀಲ್ಸಿಗಾಗಿ ಗಡ್ಡ ಕಪ್ಪಾಗಿಸಬಾರದು. ಅಂಗಿ ಟೋಪಿಯೂ ಬೇಡ.
• ಚಳಿಯಾದ ಮೈಗೆ ಊಟ ಹಾಕಬಾರದು. ಬಿಸಿಯಿಲ್ಲದೆ ಜೀರ್ಣವಾಗುವುದಿಲ್ಲ, ಹೊಟ್ಟೆಯಲ್ಲೇ ಕೊಳೆಯುತ್ತದೆ. ಕರೆಂಟ್ ಹೋದ ದಿನಕ್ಕೂ ಇದೇ ಮಾತು.
• ಮಿಂಚುಹುಳ ತಿನ್ನಿಸಬಾರದು. ಒಂದೇ ಸಾಕು, ಸಾಯುತ್ತದೆ. ಮಳೆಗೆ ಮೊದಲು ಮಿಂಚುಹುಳ ನೋಡಲು ಭಂಡಾರದರಾಕ್ಕೆ ಹೋಗಿ ಬರುವ ಮಕ್ಕಳ ಡಬ್ಬಿ ನೋಡಿ.
• ಅಡುಗೆಮನೆಯ ಜಿರಳೆ ಕೊಡಬಾರದು. ಅದು ಯಾರ ಮನೆಯ ಜಿರಳೆ ವಿಷದ ಜೆಲ್ ತಿಂದು ಬಂದಿದೆಯೋ.
• ಬೆಣ್ಣೆಹಣ್ಣು ಬೇಡ.
• ದಿನಾ ಪಾಲಕ್ ಬೇಡ. ಕ್ಯಾಲ್ಸಿಯಂ ಮೈಗೆ ಹತ್ತಲು ಬಿಡುವುದಿಲ್ಲ.
• ಅನ್ನ, ಚಪಾತಿ, ಹಾಲು ಬೇಡ. ಅಜ್ಜಿಗೂ ಹೇಳಿ.
• ಮರಿಗೆ ಮರಳಿನ ನೆಲ ಬೇಡ. ನುಂಗಿದರೆ ಕರುಳು ಕಟ್ಟುತ್ತದೆ.
• ಗಾಜಿನ ಟ್ಯಾಂಕನ್ನು ಬಾಲ್ಕನಿ ಬಿಸಿಲಿಗೆ ಇಡಬಾರದು. ನಿಮಿಷಗಳಲ್ಲಿ ಬೆಂದುಹೋಗುತ್ತದೆ.
• ಕಿಟಕಿಯ ಗಾಜಿನ ಒಳಗೆ ಬಿಸಿಲು ಕಾಯಿಸಿ ಯುವಿಬಿ ಸಿಕ್ಕಿತು ಎಂದುಕೊಳ್ಳುವುದು ಬೇಡ.
• ಬಾಲ್ಕನಿಯಲ್ಲಿ ಬಿಟ್ಟು ಒಳಗೆ ಹೋಗಬಾರದು. ಮುಂಬಯಿಯಲ್ಲಿ ಕಾಗೆ ಇಲ್ಲದ ಬಾಲ್ಕನಿ ಇಲ್ಲ.
• ಟ್ಯಾಂಕ್ ಇರುವ ಕೋಣೆಯಲ್ಲಿ ಸೊಳ್ಳೆ ಬತ್ತಿ, ಧೂಪ, ಊದಿನಕಡ್ಡಿ ಬೇಡ.
• ಮುನಿಸಿಪಾಲಿಟಿಯವರು ಹೊಗೆ ಬಿಡಲು ಬಂದಾಗ ಕಿಟಕಿ ತೆರೆದಿಡಬಾರದು.
• ಸೊಸೈಟಿಯ ಪೆಸ್ಟ್ ಕಂಟ್ರೋಲ್ ದಿನ ಅದನ್ನು ಮನೆಯಲ್ಲಿ ಬಿಡಬಾರದು.
• ಎಸಿ ಗಾಳಿಗೆ ನೇರ ಇಡುವುದು ಬೇಡ.
• ಗಣಪತಿ ಮೆರವಣಿಗೆಗೂ ದೀಪಾವಳಿಗೂ ಬೀದಿ ಕಡೆಯ ಕೋಣೆ ಬೇಡ.
• ಪಾತ್ರೆ ತೊಳೆಯುವ ಸಿಂಕಿನಲ್ಲಿ ಅದರ ಬಟ್ಟಲು ತೊಳೆಯಬಾರದು. ಮನೆಗೆಲಸದ ಬಾಯಿಗೂ ಇದನ್ನು ಸ್ಪಷ್ಟವಾಗಿ ಹೇಳಿ.
• 5 ವರ್ಷದೊಳಗಿನ ಮಕ್ಕಳ ಕೈಗೆ ಕೊಡಬಾರದು. ಆರೋಗ್ಯವಾಗಿ ಕಾಣುವ ಡ್ರ್ಯಾಗನ್ನೂ ಸಾಲ್ಮೊನೆಲ್ಲಾ ಹೊರುತ್ತದೆ. 2012ರಿಂದ 2014ರವರೆಗೆ ಅಮೆರಿಕದ 30ಕ್ಕೂ ಹೆಚ್ಚು ರಾಜ್ಯಗಳಲ್ಲಿ ಇದರಿಂದ ಹರಡಿದ ರೋಗದಲ್ಲಿ ಅರ್ಧಕ್ಕೂ ಹೆಚ್ಚು ಮಂದಿ ಎಳೆಯ ಮಕ್ಕಳು.
• ಮುದ್ದಿಗೆಂದು ಮುತ್ತು ಕೊಡುವುದು ಬೇಡ.
• ಮೇ ರಜೆಗೆ ಊರಿಗೆ ಹೊರಟಾಗ ಮತ್ಸ್ಯಗಂಧಾ ರೈಲಿನಲ್ಲಿ ಡಬ್ಬಿಯಲ್ಲಿಟ್ಟು ಒಯ್ಯುವುದು ಬೇಡ. ನೋಡಿಕೊಳ್ಳಲು ಒಬ್ಬರನ್ನು ಹೊರಡುವ ವಾರ ಮೊದಲೇ ಮನೆಗೆ ಕರೆಸಿ ಕಲಿಸಿ.
• ಬೇಡವಾಯಿತೆಂದು ಬೋರಿವಲಿಯ ಸಂಜಯ ಗಾಂಧಿ ಉದ್ಯಾನದಲ್ಲೋ ಆರೆಯಲ್ಲೋ ಬಿಡಬಾರದು. ಮೊದಲ ಮಳೆಗೇ ಸಾಯುತ್ತದೆ. ಸಾಯುವ ಮೊದಲು ತನ್ನ ರೋಗ ಅಲ್ಲಿನ ಓತಿಗಳಿಗೆ ದಾಟಿಸಬಲ್ಲದು. ಬಲ್ಲವರಿಗೆ ಕೊಡಿ, ಸಿಗದಿದ್ದರೆ 1926ಕ್ಕೆ ಕರೆ ಮಾಡಿ.

ಇವತ್ತೇ ಡಾಕ್ಟರ್

ಈ ಕೆಳಗಿನದರಲ್ಲಿ ಒಂದು ಕಂಡರೂ ನಾಳೆಗೆ ಇಡುವುದು ಬೇಡ: ಬಾಯಿಯಲ್ಲಿ ಗುಳ್ಳೆ ಅಥವಾ ಲೋಳೆ, ಉಸಿರಿನಲ್ಲಿ ಸಿಳ್ಳೆ, ಕೈಕಾಲಿನ ನಡುಕ, ಮೆತ್ತಗಾದ ದವಡೆ, ಎಳೆದಾಡುವ ಹಿಂಗಾಲು, ಗುಳಿಬಿದ್ದ ಕಣ್ಣು, ತೋಡಿ ತೋಡಿ ಸುಸ್ತಾಗಿ ಬಿದ್ದ ಹೆಣ್ಣು.

• ಆ ವರ್ತನೆಯ ವಿಡಿಯೋ ಮಾಡಿ. ಆಸ್ಪತ್ರೆಯ ಮೇಜಿನ ಮೇಲೆ ಅದು ಮತ್ತೆ 'ಸಾಧು' ಆಗುತ್ತದೆ.
• ಬರೆದಿಟ್ಟ ತೂಕದ ಲೆಕ್ಕ, ಟ್ಯಾಂಕಿನ ಫೋಟೊ, ಆ ದಿನದ ಮಲ ಜೊತೆಗೆ ಒಯ್ಯಿರಿ.
• ಗಾಳಿ ಆಡುವ ಪೆಟ್ಟಿಗೆಯಲ್ಲಿ ಬಟ್ಟೆ ಹಾಸಿ, ಒಳಗೆ ಕತ್ತಲು ಮಾಡಿ ಒಯ್ಯಿರಿ.
• ಮಳೆಯಿದ್ದರೆ ರಿಕ್ಷಾ ಬೇಡ, ಮುಚ್ಚಿದ ಟ್ಯಾಕ್ಸಿ ಹಿಡಿಯಿರಿ.
• ಮೆಡಿಕಲ್ ಅಂಗಡಿಯ ಆ್ಯಂಟಿಬಯಾಟಿಕ್ ಕೊಡಬಾರದು.
• ಬಾಯಿಗೆ ಬಲವಂತದಿಂದ ನೀರು ಸುರಿಯಬಾರದು, ಶ್ವಾಸಕೋಶಕ್ಕೆ ಇಳಿಯುತ್ತದೆ.
• ಫೋನ್ ಮಾಡದೆ ಹೊರಡುವುದು ಬೇಡ. ಪರೇಲ್‌ನ ಬಾಯಿ ಸಕರ್‌ಬಾಯಿ ದಿನ್‌ಶಾ ಪೆಟಿಟ್ ಆಸ್ಪತ್ರೆಗಾಗಲಿ, ಪಕ್ಕದ ಬೀದಿಯ ಕ್ಲಿನಿಕ್‌ಗಾಗಲಿ, ಸರೀಸೃಪ ನೋಡುವ ಡಾಕ್ಟರ್ ಆ ಹೊತ್ತಿಗೆ ಇದ್ದಾರೆಯೇ ಎಂದು ಕೇಳಿಯೇ ಗಾಡಿ ಹತ್ತಿ.