ಸರಕು ವಾಹನದಲ್ಲಿ ಕುಳಿತವರು ಮತ್ತು ವಿಮಾ ಕಂಪನಿಯ ಹೊಣೆ

ಸಂತೆಯ ದಿನ ಸರಕು ಇಳಿಸಿ ಬರಿದಾಗಿ ಮರಳುವ ವಾಹನಕ್ಕೆ ದಾರಿಯಲ್ಲಿ ನಾಲ್ಕಾರು ಜನ ಕೈ ತೋರುವುದು ನಮ್ಮ ಕಡೆ ನಿತ್ಯದ ನೋಟ. ಪರಿಚಯದಿಂದಲೋ, ಹತ್ತಿಪ್ಪತ್ತು ರೂಪಾಯಿಯ ಆಸೆಯಿಂದಲೋ ಚಾಲಕನು ಅವರನ್ನು ಹತ್ತಿಸಿಕೊಳ್ಳುತ್ತಾನೆ. ಅಂಗಡಿಯಲ್ಲಿ ಕುಳಿತ ಮಾಲೀಕರಿಗೆ ಇದರ ಸುಳಿವೂ ಇರುವುದಿಲ್ಲ. ಮುಂದೆ ಅಪಘಾತವಾಗಿ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯಿಂದ ನೋಟೀಸು ಬಂದಾಗಲೂ, ವಿಮೆ ಚಾಲ್ತಿಯಲ್ಲಿದೆ, ಕಂಪನಿಯವರು ನೋಡಿಕೊಳ್ಳುತ್ತಾರೆ ಎಂದೇ ಅವರು ನಿಶ್ಚಿಂತರಾಗಿರುತ್ತಾರೆ. ಈ ನಿಶ್ಚಿಂತೆಗೆ ಕಾನೂನಿನ ಆಧಾರ ಬಹಳ ಕಡಿಮೆ.

ಕಡ್ಡಾಯ ವಿಮೆಯು ಯಾರನ್ನು ಒಳಗೊಳ್ಳಬೇಕೆಂಬುದನ್ನು 1988ರ ಮೋಟಾರು ವಾಹನ ಕಾಯಿದೆಯ 147ನೇ ಕಲಂ ಹೇಳುತ್ತದೆ. ಅದರಲ್ಲಿರುವ 'ಯಾವುದೇ ವ್ಯಕ್ತಿ' ಎಂಬ ಪದಗಳೇ ದೀರ್ಘ ವಿವಾದಕ್ಕೆ ಕಾರಣವಾದವು. ಸರಕು ವಾಹನದಲ್ಲಿ ಬಾಡಿಗೆ ಕೊಡದೆ ಕುಳಿತವನೂ 'ಯಾವುದೇ ವ್ಯಕ್ತಿ'ಯೇ ಎಂದು ಸರ್ವೋಚ್ಚ ನ್ಯಾಯಾಲಯವು 1999ರ ಡಿಸೆಂಬರಿನಲ್ಲಿ ಸತ್ಪಾಲ್ ಸಿಂಗ್ ಪ್ರಕರಣದಲ್ಲಿ ಹೇಳಿತ್ತು. ಮೂರೇ ವರ್ಷಗಳಲ್ಲಿ, 2002ರ ಡಿಸೆಂಬರಿನ ಆಶಾ ರಾಣಿ ಪ್ರಕರಣದಲ್ಲಿ, ಆ ತೀರ್ಪು ತಪ್ಪೆಂದು ತಳ್ಳಿಹಾಕಲ್ಪಟ್ಟಿತು. 1994ರ ನವೆಂಬರ್ 14ರಿಂದ ಜಾರಿಗೆ ಬಂದ ತಿದ್ದುಪಡಿಯು 'ಸರಕಿನ ಮಾಲೀಕ ಅಥವಾ ಅವನ ಅಧಿಕೃತ ಪ್ರತಿನಿಧಿ'ಯನ್ನು ಮಾತ್ರ ಹೊಸದಾಗಿ ಸೇರಿಸಿತ್ತು. ಸೇರಿಸದವರನ್ನು ನ್ಯಾಯಾಲಯ ಸೇರಿಸಲಾಗದು ಎಂದು 2004ರ ಬಲ್ಜಿತ್ ಕೌರ್ ಪ್ರಕರಣ ಸ್ಪಷ್ಟಪಡಿಸಿತು. 2019ರ ತಿದ್ದುಪಡಿಯಂತೆ 2022ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಹೊಸ 147ನೇ ಕಲಂ, ಸರಕು ವಾಹನದ ಉಚಿತ ಪ್ರಯಾಣಿಕರನ್ನು ಕಡ್ಡಾಯ ವಿಮೆಯಿಂದ ನೇರವಾಗಿಯೇ ಹೊರಗಿಟ್ಟಿದೆ. ಹಣ ಪಡೆದು ಕೂರಿಸಿಕೊಂಡರೂ ಮಾಲೀಕ ಕ್ಷೇಮವಲ್ಲ. ಪರವಾನಗಿಗೆ ವಿರುದ್ಧವಾಗಿ ವಾಹನ ಬಳಸಲಾಗಿದೆ ಎಂಬ ಆಕ್ಷೇಪಣೆ ಆಗ ವಿಮಾ ಕಂಪನಿಗೆ ದೊರೆಯುತ್ತದೆ.

ವ್ಯಾಪಾರಿಗಳಲ್ಲಿ ಹೆಚ್ಚಿನವರು ಎಡವುವುದು ಇದರ ಮುಂದಿನ ಹಂತದಲ್ಲಿ. ಅನೇಕ ಪ್ರಕರಣಗಳಲ್ಲಿ ನ್ಯಾಯಾಲಯಗಳು ಸಂತ್ರಸ್ತರ ಹಿತಕ್ಕಾಗಿ 'ಕಂಪನಿ ಮೊದಲು ಪಾವತಿಸಲಿ, ಅನಂತರ ಮಾಲೀಕನಿಂದ ವಸೂಲು ಮಾಡಿಕೊಳ್ಳಲಿ' ಎಂದು ಆದೇಶಿಸುತ್ತವೆ. ಕಂಪನಿ ಹಣ ಕಟ್ಟಿದ ಸುದ್ದಿ ಕೇಳಿ ಮಾಲೀಕರು ಕಡತ ಮುಚ್ಚಿಬಿಡುತ್ತಾರೆ. ಆದರೆ ವಸೂಲಾತಿಗೆ ಪ್ರತ್ಯೇಕ ದಾವೆಯೇ ಬೇಡ, ಅಮಲ್ಜಾರಿ ನ್ಯಾಯಾಲಯದ ಮುಂದೆ ನೇರವಾಗಿ ಹೋಗಬಹುದು ಎಂದು ಬಲ್ಜಿತ್ ಕೌರ್ ತೀರ್ಪಿನಲ್ಲೇ ಹೇಳಲಾಗಿದೆ. ವಾಹನವು ಏಕಮಾಲೀಕತ್ವದ ಸಂಸ್ಥೆಗೆ ಸೇರಿದ್ದರೆ ವ್ಯಾಪಾರದ ಆಸ್ತಿ, ಸ್ವಂತ ಆಸ್ತಿ ಎಂಬ ಭೇದ ಅಲ್ಲಿಲ್ಲ. ವಾಸದ ಮನೆಯೂ ಜಪ್ತಿಗೆ ಗುರಿಯಾಗಬಹುದು. ಆದ್ದರಿಂದ ನೋಟೀಸು ಬಂದಾಗ ಗೈರುಹಾಜರಾಗುವುದು ಅವಿವೇಕ. ವಿಮಾ ಕಂಪನಿಯ ವಕೀಲರು ಆ ಹಂತದಲ್ಲಿ ಮಾಲೀಕರ ಪರವಾಗಿಯೇ ವಾದಿಸುತ್ತಾರೆಂದು ಭಾವಿಸಲಾಗದು.

ಚಾಲಕನು ನಮ್ಮನ್ನು ಕೇಳದೆ ಹತ್ತಿಸಿಕೊಂಡ, ನಮಗೇನು ಸಂಬಂಧ ಎಂಬ ವಾದಕ್ಕೂ ಹೆಚ್ಚು ಬಲವಿಲ್ಲ. ಹತ್ತಿ ಜಿನ್ನಿಂಗ್ ಕಂಪನಿಯೊಂದರ ಕಾರನ್ನು ಅದರ ಮ್ಯಾನೇಜರರು ಕಂಪನಿ ಕೆಲಸದ ಮೇಲೆ ಓಡಿಸುತ್ತಿದ್ದಾಗ ಜೊತೆಯಲ್ಲಿ ಕುಳಿತಿದ್ದವರೊಬ್ಬರು ಅಪಘಾತದಲ್ಲಿ ಮೃತಪಟ್ಟರು. 1977ರಲ್ಲಿ ಸರ್ವೋಚ್ಚ ನ್ಯಾಯಾಲಯವು ಮಾಲೀಕ ಕಂಪನಿಯೇ ಹೊಣೆಯೆಂದು ತೀರ್ಮಾನಿಸಿ, ವಿಮಾ ಕಂಪನಿಯ ಪಾಲನ್ನು ಪಾಲಿಸಿಯಲ್ಲಿ ಒಪ್ಪಿದ್ದ 15,000 ರೂಪಾಯಿಗೆ ಸೀಮಿತಗೊಳಿಸಿತು. ಅದು 1939ರ ಹಳೆಯ ಕಾಯಿದೆಯ ಕಾಲದ್ದು. ನೌಕರನ ಕೃತ್ಯಕ್ಕೆ ಮಾಲೀಕ ಹೊಣೆ ಎಂಬ ತತ್ತ್ವ ಹಳೆಯದಾಗಿಲ್ಲ.

ಸರಕಿನ ಮಾಲೀಕರಿಗೆ ದೊರೆಯುವ ರಕ್ಷಣೆಗೂ ಮಿತಿಯುಂಟು. ಅವರು ಸರಕಿನ ಮೇಲಲ್ಲ, ಚಾಲಕನ ಪಕ್ಕದ ಕ್ಯಾಬಿನ್ನಿನಲ್ಲಿ ಕುಳಿತಿರಬೇಕೆಂಬುದು 2007ರ ತೀರ್ಪೊಂದರ ನಿಲುವು. ಮೆಣಸಿನಕಾಯಿ ಚೀಲಗಳೊಡನೆ ಮಂಡಿಗೆ ಹೊರಟ ರೈತರನ್ನು ಎಣಿಸಿಕೊಳ್ಳಿ. ಅವರ ಹೆಸರು, ಚೀಲಗಳ ಸಂಖ್ಯೆ ಇರುವ ಒಂದು ಚೀಟಿ ಅಥವಾ ಡೆಲಿವರಿ ಚಲನ್ ಇದ್ದರೆ ಸಾಕ್ಷ್ಯ ಗಟ್ಟಿಯಾಗುತ್ತದೆ. ಇಲ್ಲವಾದರೆ ಸರಕು ಇತ್ತೆಂಬುದನ್ನೇ ಕಂಪನಿ ಅಲ್ಲಗಳೆಯಬಹುದು. ಸರಕು ಇಳಿಸಿ ಮರಳುವಾಗ ಅದೇ ವ್ಯಕ್ತಿ ಸರಕಿನ ಮಾಲೀಕನೇ ಎಂಬ ಪ್ರಶ್ನೆಯೂ ಏಳುತ್ತದೆ.

ಹಮಾಲರ ವಿಷಯ ಬೇರೆ. ಅವರು ನಮ್ಮ ನೌಕರರಾಗಿದ್ದು, ಅಷ್ಟು ಜನರಿಗೆ ಹೆಚ್ಚುವರಿ ಪ್ರೀಮಿಯಂ ಕಟ್ಟಿದ್ದರೆ ಪಾಲಿಸಿಯ ಷೆಡ್ಯೂಲಿನಲ್ಲಿ ಸಂಖ್ಯೆ ನಮೂದಾಗಿರುತ್ತದೆ. ಇಬ್ಬರಿಗೆ ಕಟ್ಟಿ ಆರು ಜನರನ್ನು ಕಳುಹಿಸುವ ಪರಿಪಾಠ ಉಳಿತಾಯವೆನಿಸುವುದು ಅಪಘಾತವಾಗುವವರೆಗೆ ಮಾತ್ರ. ಇಟ್ಟಿಗೆ ಗೂಡಿನವರು ವಿಶೇಷವಾಗಿ ಗಮನಿಸಬೇಕು. ಕೃಷಿಗೆಂದು ವಿಮೆ ಮಾಡಿಸಿದ ಟ್ರ್ಯಾಕ್ಟರಿನಲ್ಲಿ ಇಟ್ಟಿಗೆ ಗೂಡಿನ ಮಣ್ಣು ಸಾಗಿಸುತ್ತಿದ್ದಾಗ ಕೂಲಿಯೊಬ್ಬ ಗಾಯಗೊಂಡ ಪ್ರಕರಣದಲ್ಲಿ, 2007ರಲ್ಲಿ, ವಿಮಾ ಕಂಪನಿಯು ಹೊಣೆಯಲ್ಲವೆಂದೇ ತೀರ್ಮಾನವಾಯಿತು. ಮೊದಲು ಪಾವತಿಸಿ ಮಾಲೀಕನಿಂದ ವಸೂಲು ಮಾಡಿಕೊಳ್ಳಲು ಕಂಪನಿಗೆ ಸೂಚಿಸಲಾಯಿತು.

ಕಾರು, ಸ್ಕೂಟರುಗಳ ಬಗ್ಗೆ ಒಂದು ಮಾತು. ಬರೀ ಕಾಯಿದೆ ಪಾಲಿಸಿ ಹಿಂಬದಿ ಸವಾರನನ್ನು ಒಳಗೊಳ್ಳದೆಂದು 2006ರಲ್ಲೂ, ಪ್ಯಾಕೇಜ್ ಪಾಲಿಸಿ ಕಾರಿನಲ್ಲಿರುವವರನ್ನೂ ಹಿಂಬದಿ ಸವಾರನನ್ನೂ ಒಳಗೊಳ್ಳುತ್ತದೆಂದು 2012ರಲ್ಲೂ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಪಾಲಿಸಿ ನವೀಕರಿಸುವಾಗ ಏಜೆಂಟರು ತಿಳಿಸುವ ಮೊತ್ತವನ್ನಷ್ಟೇ ನೋಡಿ ಚೆಕ್ಕು ಬರೆಯದೆ, ಷೆಡ್ಯೂಲಿನಲ್ಲಿ ವಾಹನದ ಬಳಕೆ ಯಾವುದೆಂದು ಬರೆದಿದೆ, ಎಷ್ಟು ನೌಕರರಿಗೆ ಪ್ರೀಮಿಯಂ ಕಟ್ಟಿದೆ ಎಂಬೆರಡನ್ನು ಸದಸ್ಯರು ಸ್ವತಃ ಓದಿಕೊಳ್ಳಬೇಕು. ದಾರಿಯಲ್ಲಿ ಯಾರನ್ನೂ ಹತ್ತಿಸಿಕೊಳ್ಳಕೂಡದೆಂದು ಚಾಲಕನಿಗೆ ಲಿಖಿತ ಸೂಚನೆ ಕೊಟ್ಟು ಸಹಿ ಪಡೆಯುವುದೂ ಒಳ್ಳೆಯದು. ಅದು ಮಾಲೀಕರನ್ನು ಹೊಣೆಯಿಂದ ಪೂರ್ಣ ಬಿಡಿಸದಿದ್ದರೂ ಚಾಲಕನ ಕೈಯನ್ನು ತಡೆದೀತು.