ದತ್ತಿ ಆಡಳಿತದ ವಿವಾದ: ಅಧಿಕಾರಿಯ ಆದೇಶವನ್ನು ನ್ಯಾಯಾಲಯ ನೋಡುವ ಬಗೆ

ಧರ್ಮಾದಾಯ ದತ್ತಿಯೊಂದರ ಆಡಳಿತದ ಬಗ್ಗೆ ಹೊರಟ ಸರ್ಕಾರಿ ಆದೇಶವನ್ನು ಪ್ರಶ್ನಿಸಲು ಹೊರಟವರು ಮೊದಲು ತಿಳಿಯಬೇಕಾದದ್ದು, ಆ ಸಂಸ್ಥೆ ಯಾವ ಕಾಯ್ದೆಗೆ ಸೇರಿದೆ ಎಂಬುದನ್ನು. ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿಯಂಥ ಊರಿನಲ್ಲಿ ಮುಜರಾಯಿ ಗುಡಿ, ದತ್ತಿಪತ್ರದಿಂದ ಹುಟ್ಟಿದ ಛತ್ರ, ಸಂಘವಾಗಿ ನೋಂದಣಿಯಾದ ಶಾಲೆ ಅಕ್ಕಪಕ್ಕದಲ್ಲೇ ಇರಬಹುದು. ಮೂರಕ್ಕೂ ಮೇಲ್ವಿಚಾರಕರು ಬೇರೆ, ದೂರಿನ ದಾರಿಯೂ ಬೇರೆ.

ಗುಡಿ ಅಧಿಸೂಚಿತ ಪಟ್ಟಿಯಲ್ಲಿದ್ದರೆ ಅದಕ್ಕೆ 1997ರ ಕರ್ನಾಟಕ ಹಿಂದೂ ಧಾರ್ಮಿಕ ಸಂಸ್ಥೆಗಳ ಮತ್ತು ಧರ್ಮಾದಾಯ ದತ್ತಿಗಳ ಅಧಿನಿಯಮ ಅನ್ವಯ. ಇದು 2003ರ ಮೇ 1ರಿಂದ ಜಾರಿಯಲ್ಲಿದೆ. ಇದರಡಿ ಒಂಬತ್ತು ಸದಸ್ಯರ ವ್ಯವಸ್ಥಾಪನಾ ಸಮಿತಿ ಇರುತ್ತದೆ. ಸಮಿತಿ ಇಲ್ಲದಾಗ ಆಡಳಿತಾಧಿಕಾರಿ ಬರುತ್ತಾರೆ. ಸಂಘವಾದರೆ 1960ರ ಕರ್ನಾಟಕ ಸಂಘಗಳ ನೋಂದಣಿ ಅಧಿನಿಯಮದ 25ನೇ ಕಲಂನಡಿ, ಮೂರನೇ ಒಂದು ಭಾಗಕ್ಕೆ ಕಡಿಮೆಯಿಲ್ಲದಷ್ಟು ಸದಸ್ಯರು ನೋಂದಣಾಧಿಕಾರಿಯ ವಿಚಾರಣೆ ಕೋರಬಹುದು.

ಗೊಂದಲ ಹೆಚ್ಚಿರುವುದು ಟ್ರಸ್ಟುಗಳ ವಿಷಯದಲ್ಲಿ. 1882ರ ಭಾರತೀಯ ನ್ಯಾಸ ಅಧಿನಿಯಮ ಖಾಸಗಿ ಟ್ರಸ್ಟುಗಳಿಗಷ್ಟೇ ಸಂಬಂಧಿಸಿದ್ದು. ದತ್ತಿಪತ್ರ ನೋಂದಾಯಿಸಿದ ಸಬ್‌ರಿಜಿಸ್ಟ್ರಾರ್ ಕಚೇರಿಗೇ ದೂರು ಒಯ್ಯುವವರು ಉಂಟು. ಆ ಕಚೇರಿ ಪತ್ರವನ್ನು ದಾಖಲಿಸುತ್ತದೆಯೇ ಹೊರತು ಟ್ರಸ್ಟಿಗಳ ಲೆಕ್ಕ ಕೇಳುವುದಿಲ್ಲ. ಮಹಾರಾಷ್ಟ್ರದಲ್ಲಿರುವಂತೆ ಎಲ್ಲ ಸಾರ್ವಜನಿಕ ಟ್ರಸ್ಟುಗಳ ಮೇಲೂ ಕಣ್ಣಿಡುವ ಚಾರಿಟಿ ಕಮಿಷನರ್ ಹಾಸನದ ಕಡೆ ಇಲ್ಲ. ಆದ್ದರಿಂದ ಇಲ್ಲಿ ಮೇಲ್ವಿಚಾರಣೆ ನೇರವಾಗಿ ನ್ಯಾಯಾಲಯದ್ದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 92ನೇ ಕಲಂನಡಿ ಅಡ್ವೊಕೇಟ್ ಜನರಲ್, ಇಲ್ಲವೆ ಟ್ರಸ್ಟಿನಲ್ಲಿ ಹಿತಾಸಕ್ತಿಯುಳ್ಳ ಇಬ್ಬರು ಅಥವಾ ಹೆಚ್ಚು ಮಂದಿ, ಜಿಲ್ಲಾ ನ್ಯಾಯಾಲಯದ ಅನುಮತಿ ಪಡೆದು ದಾವೆ ಹೂಡಬಹುದು. ಟ್ರಸ್ಟಿಯನ್ನು ತೆಗೆಯುವುದು, ಹೊಸಬರನ್ನು ನೇಮಿಸುವುದು, ಲೆಕ್ಕ ಕೇಳುವುದು, ಆಡಳಿತಕ್ಕೆ ಸ್ಕೀಮ್ ರೂಪಿಸುವುದು, ಎಲ್ಲವೂ ಈ ದಾವೆಯಲ್ಲಿ ಸಾಧ್ಯ. 1976ರ ತಿದ್ದುಪಡಿಗೆ ಮೊದಲು ಅಡ್ವೊಕೇಟ್ ಜನರಲ್ ಅವರ ಲಿಖಿತ ಒಪ್ಪಿಗೆ ಬೇಕಿತ್ತು. ಹಳ್ಳಿಯವರಿಗೆ ಅದು ದೊಡ್ಡ ಅಡ್ಡಿಯೇ ಸರಿ. ತನಗೆ ಬರಬೇಕಾದ ಸಂಬಳ, ಬಾಡಿಗೆ, ಸ್ಥಾನಮಾನದಂಥ ಸ್ವಂತ ಹಕ್ಕಿನ ತಗಾದೆಗೆ ಮಾತ್ರ ಈ ಕಲಂ ಒದಗುವುದಿಲ್ಲ.

ಸರ್ಕಾರ ಅಥವಾ ಅಧಿಕಾರಿ ಹೊರಡಿಸಿದ ಆದೇಶವೇ ತಪ್ಪೆಂದಾದರೆ ದಾರಿ ಹೈಕೋರ್ಟಿನದು. ಹಾಸನ ಜಿಲ್ಲೆಯವರು ಸಂವಿಧಾನದ 226ನೇ ವಿಧಿಯ ರಿಟ್ ಅರ್ಜಿಯನ್ನು ಬೆಂಗಳೂರಿನ ಪ್ರಧಾನ ಪೀಠದಲ್ಲಿ ಸಲ್ಲಿಸಬೇಕು. ಗೋಕರ್ಣದ ಮಹಾಬಲೇಶ್ವರ ದೇವಾಲಯದ ಪ್ರಕರಣ ಇದಕ್ಕೆ ನಿದರ್ಶನ. 2008ರ ಆಗಸ್ಟ್‌ನಲ್ಲಿ ಸರ್ಕಾರ ದೇವಾಲಯವನ್ನು ಮುಜರಾಯಿ ಪಟ್ಟಿಯಿಂದ ಕೈಬಿಟ್ಟು ರಾಮಚಂದ್ರಾಪುರ ಮಠಕ್ಕೆ ವಹಿಸಿತು. ಹತ್ತು ವರ್ಷಗಳ ನಂತರ, 2018ರ ಆಗಸ್ಟ್‌ನಲ್ಲಿ, ಹೈಕೋರ್ಟು ಆ ಆದೇಶವನ್ನು ರದ್ದುಪಡಿಸಿತು. ಮೇಲ್ಮನವಿ ಸುಪ್ರೀಂ ಕೋರ್ಟಿಗೆ ಹೋಯಿತು. 2021ರ ಏಪ್ರಿಲ್‌ನಲ್ಲಿ ಅದು ಮಧ್ಯಂತರ ಕ್ರಮವಾಗಿ ನಿವೃತ್ತ ನ್ಯಾಯಮೂರ್ತಿ ಬಿ.ಎನ್. ಶ್ರೀಕೃಷ್ಣ ಅವರ ನೇತೃತ್ವದ ಸಮಿತಿಗೆ ಉಸ್ತುವಾರಿ ಒಪ್ಪಿಸಿತು. ಒಂದು ಆದೇಶದ ಸುತ್ತ ಹದಿಮೂರು ವರ್ಷ ಕಳೆದಿತ್ತು.

ಅಧಿಕಾರಿಯ ಕೈ ಎಲ್ಲಿಯವರೆಗೆ ಚಾಚಬಹುದೆಂಬ ಗೆರೆಯನ್ನು ಎಳೆದದ್ದೂ ಕನ್ನಡ ನಾಡಿನದೇ ಪ್ರಕರಣ. ಆಗ ಮದ್ರಾಸ್ ಆಡಳಿತದಲ್ಲಿದ್ದ ಉಡುಪಿಯಲ್ಲಿ ಶಿರೂರು ಮಠ ಪರ್ಯಾಯದ ಖರ್ಚಿನಿಂದ ಸಾಲಕ್ಕೆ ಬಿದ್ದಿತ್ತು. ದತ್ತಿ ಮಂಡಳಿ ಮಠದ ಆಡಳಿತಕ್ಕೆ ಸ್ಕೀಮ್ ಹೇರಲು ಹೊರಟಾಗ ಮಠಾಧಿಪತಿ ಶ್ರೀ ಲಕ್ಷ್ಮೀಂದ್ರತೀರ್ಥರು ಮದ್ರಾಸ್ ಹೈಕೋರ್ಟಿನ ಮೊರೆಹೊಕ್ಕು ಗೆದ್ದರು. 1954ರಲ್ಲಿ ಸುಪ್ರೀಂ ಕೋರ್ಟು ಮದ್ರಾಸಿನ ದತ್ತಿ ಕಮಿಷನರ್ ಅವರ ಮೇಲ್ಮನವಿಯನ್ನು ವಜಾ ಮಾಡಿತು. ಧಾರ್ಮಿಕ ಪಂಥದ ಆಸ್ತಿಯ ಆಡಳಿತವನ್ನು ಕಾನೂನು ನಿಯಂತ್ರಿಸಬಹುದು, ಆದರೆ ಆಡಳಿತದ ಹಕ್ಕನ್ನೇ ಪೂರ್ತಿ ಕಿತ್ತುಕೊಳ್ಳುವಂತಿಲ್ಲ ಎಂಬುದು ಆ ತೀರ್ಪಿನ ತಿರುಳು.

ರಿಟ್ ಅರ್ಜಿಯಲ್ಲಿ ಹೈಕೋರ್ಟು ಸಾಕ್ಷ್ಯವನ್ನು ಹೊಸದಾಗಿ ತೂಗುವುದಿಲ್ಲ, ಯಾರು ಉತ್ತಮ ಧರ್ಮದರ್ಶಿ ಎಂದೂ ಹೇಳುವುದಿಲ್ಲ. ಆದೇಶ ಹೊರಡಿಸಿದವರಿಗೆ ಆ ಅಧಿಕಾರ ಇತ್ತೇ, ನೋಟಿಸ್ ಕೊಟ್ಟು ಅಹವಾಲು ಕೇಳಿದರೇ, ಕಾರಣಗಳನ್ನು ಬರೆದಿದ್ದಾರೆಯೇ ಎಂದು ನೋಡುತ್ತದೆ. ಆದ್ದರಿಂದ ನೋಟಿಸಿಗೆ ಬಾಯಿಮಾತಿನ ಉತ್ತರ ಸಾಲದು. ಲಿಖಿತ ಉತ್ತರ ಕೊಟ್ಟು ಸ್ವೀಕೃತಿ ಪಡೆಯಬೇಕು. ಆದೇಶದ ದೃಢೀಕೃತ ನಕಲು ಕೈಯಲ್ಲಿರಬೇಕು. ಕಡತ ತೋರಿಸಲು ಕಚೇರಿ ಒಪ್ಪದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಅರ್ಜಿ ಹಾಕಬಹುದು. ಉತ್ತರಕ್ಕೆ ಸಾಮಾನ್ಯವಾಗಿ 30 ದಿನಗಳ ಗಡುವಿದೆ. ಕಾಯ್ದೆಯಲ್ಲೇ ಮೇಲ್ಮನವಿಗೆ ಅವಕಾಶವಿದ್ದರೆ ಮೊದಲು ಅಲ್ಲಿಗೆ ಹೋಗುವಂತೆ ಹೈಕೋರ್ಟು ಸಾಮಾನ್ಯವಾಗಿ ಹೇಳುತ್ತದೆ. ಅಧಿಕಾರವೇ ಇಲ್ಲದೆ ಅಥವಾ ಅಹವಾಲನ್ನೇ ಕೇಳದೆ ಹೊರಡಿಸಿದ ಆದೇಶಕ್ಕೆ ಈ ಕಟ್ಟುಪಾಡು ಸಡಿಲವೆಂದು ಸುಪ್ರೀಂ ಕೋರ್ಟು 1998ರ ವರ್ಲ್‌ಪೂಲ್ ಪ್ರಕರಣದಲ್ಲಿ ಹೇಳಿದೆ.

ಅಹವಾಲು ಕೇಳದ ಕಾರಣಕ್ಕೆ ಆದೇಶ ರದ್ದಾದರೆ ವಿವಾದ ಅಲ್ಲಿಗೇ ಮುಗಿಯುವುದು ಅಪರೂಪ. ಹೊಸದಾಗಿ ವಿಚಾರಣೆ ನಡೆಸುವಂತೆ ಕಡತ ಹೆಚ್ಚಾಗಿ ಅದೇ ಅಧಿಕಾರಿಯ ಮೇಜಿಗೆ ಮರಳುತ್ತದೆ. ಈ ನಡುವೆ ಬೀಗದಕೈ ಮತ್ತು ಬ್ಯಾಂಕ್ ಖಾತೆ ಯಾರ ವಶದಲ್ಲಿರಬೇಕು ಎಂಬುದು ತಡೆಯಾಜ್ಞೆಯನ್ನೋ ಮಧ್ಯಂತರ ವ್ಯವಸ್ಥೆಯನ್ನೋ ಅವಲಂಬಿಸಿರುವುದರಿಂದ, ಆ ಕೋರಿಕೆಯನ್ನು ಅರ್ಜಿಯಲ್ಲಿ ಬಿಡಿಸಿ ಬರೆಯಬೇಕು.