ಅರಸನ ಹುಟ್ಟೂರು: ಕಲ್ಲಿನ ಮಾತು, ಕಥೆಯ ಮಾತು

ಮಸ್ಕಿ ಹತ್ತಿರದ ಪಾಮನಕಲ್ಲೂರಿನ ಸುತ್ತಮುತ್ತಲವರಿಗೆ ಮಸ್ಕಿಯ ಶಾಸನ ಹೊಸದಲ್ಲ. 1915ರಲ್ಲಿ ಚಿನ್ನದ ನಿಕ್ಷೇಪ ಹುಡುಕುತ್ತ ಬಂದ ಬೀಡನ್ ಎಂಬ ಎಂಜಿನಿಯರ್ ಕಣ್ಣಿಗೆ ಬಿದ್ದ ಆ ಬ್ರಾಹ್ಮಿ ಬರಹದಲ್ಲಿ ಬಿರುದಿನ ಜೊತೆಗೆ ಅಶೋಕನ ಹೆಸರೂ ಇತ್ತು. ಹೆಸರೇನೋ ಸಿಕ್ಕಿತು, ಹುಟ್ಟಿದ ಊರು ಸಿಗಲಿಲ್ಲ. ಶಾಸನದ ಓದಿಗೆ ಹೊಸದಾಗಿ ಬಂದವರು ಇದನ್ನು ಮೊದಲೇ ಮನಸ್ಸಿಗೆ ತಂದುಕೊಳ್ಳಬೇಕು: ನಾವು ಕೇಳಿದ್ದಕ್ಕೆಲ್ಲ ಕಲ್ಲು ಉತ್ತರ ಕೊಡುವುದಿಲ್ಲ.

ಹುಟ್ಟೂರಿನ ವಿಚಾರ ತಿಳಿಯಲು ಶಿಕಾರಿಪುರ ತಾಲ್ಲೂಕಿನ ತಾಳಗುಂದ ಒಳ್ಳೆಯ ಪಾಠ. ಕದಂಬ ರಾಜ್ಯ ಕಟ್ಟಿದ ಮಯೂರಶರ್ಮನ ಊರು ಇದೆಂದು ಹೇಳುತ್ತಾರೆ. (1975ರ ‘ಮಯೂರ’ ಸಿನಿಮಾ ನೋಡಿದವರಿಗೆ ಅರ್ಧ ಕಥೆ ಆಗಲೇ ಗೊತ್ತು.) ಅಲ್ಲಿನ ಪ್ರಣವೇಶ್ವರ ಗುಡಿಯ ಮುಂದೆ ಐದನೇ ಶತಮಾನದ ಕಂಬವೊಂದಿದೆ. ಹತ್ತಿರ ನಿಂತು ನೋಡಿ, ಒಂದೊಂದು ಅಕ್ಷರದ ತಲೆಯ ಮೇಲೂ ಪುಟ್ಟ ಚೌಕವಿದೆ. ಕುಬ್ಜ ಎಂಬ ಕವಿ ರಚಿಸಿದ ಸಂಸ್ಕೃತ ಪದ್ಯಗಳು ಅವು.

ಕಂಬದ ಬರಹದ ಪ್ರಕಾರ, ಮನೆ ಬಳಿ ಬೆಳೆದ ಕದಂಬ ಮರವನ್ನು ಜೋಪಾನ ಮಾಡುತ್ತಿದ್ದ ಬ್ರಾಹ್ಮಣ ಮನೆತನ ಕದಂಬರದು. ಮಯೂರಶರ್ಮ ಗುರು ವೀರಶರ್ಮನೊಂದಿಗೆ ಕಂಚಿಯ ಘಟಿಕೆ ಎಂಬ ವಿದ್ಯಾಕೇಂದ್ರಕ್ಕೆ ಓದಲು ಹೋದ. ಅಲ್ಲಿ ಪಲ್ಲವರ ಕುದುರೆ ಸವಾರನೊಡನೆ ಜಗಳವಾಯಿತು. ದರ್ಭೆ, ಸಮಿತ್ತು ಹಿಡಿದ ಕೈಯೇ ಕತ್ತಿ ಹಿಡಿಯಿತು. ಶ್ರೀಪರ್ವತದ ಕಾಡಿನಲ್ಲಿ ಬೇರೂರಿ ಬಾಣ ಅರಸರಿಂದ ಕಪ್ಪ ವಸೂಲಿ ಮಾಡಿದ. ಕೊನೆಗೆ ಪಲ್ಲವರೇ ಅವನನ್ನು ಒಪ್ಪಿಕೊಂಡು ರಾಜ್ಯ ಬಿಟ್ಟುಕೊಟ್ಟರು. ಇದೆಲ್ಲ ನಡೆದದ್ದು ನಾಲ್ಕನೇ ಶತಮಾನದ ನಡುಭಾಗದಲ್ಲಿ.

ಇಷ್ಟರಲ್ಲಿ ಪವಾಡವಿಲ್ಲ, ಗಮನಿಸಿದಿರಾ? ಪವಾಡ ಬಂದದ್ದು ಶತಮಾನಗಳ ನಂತರ, ಹಾನಗಲ್ಲು ಮತ್ತು ಗೋವೆಯ ಕದಂಬರ ಕಾಲಕ್ಕೆ. ಕದಂಬ ಮರದ ಬುಡದಲ್ಲಿ ಶಿವನ ಬೆವರಿನ ಹನಿ ಬಿತ್ತು, ಅದರಿಂದ ಮೂರು ಕಣ್ಣು, ನಾಲ್ಕು ತೋಳಿನ ಮೂಲಪುರುಷ ಹುಟ್ಟಿದ ಎಂದರು. ಮರ ಅದೇ, ನೀರೆರೆಯುತ್ತಿದ್ದ ಗೃಹಸ್ಥರ ಜಾಗಕ್ಕೆ ದೇವರು ಬಂದ. ಇದನ್ನು ಸುಳ್ಳೆಂದು ಬಿಸಾಡಬೇಡಿ. ನಡೆದದ್ದಕ್ಕೆ ಅದು ಸಾಕ್ಷಿಯಲ್ಲ ನಿಜ, ಆದರೆ ಹನ್ನೊಂದು-ಹನ್ನೆರಡನೇ ಶತಮಾನದ ಅರಸರಿಗೆ ಎಂಥ ವಂಶಾವಳಿ ಬೇಕಿತ್ತು ಎಂಬುದಕ್ಕೆ ಸಾಕ್ಷಿ.

ಇನ್ನು ಹುಟ್ಟೂರು. ಕಂಬ ಹೇಳುವುದು ಮನೆತನದ ಸಂಗತಿ. ಮಯೂರಶರ್ಮ ಇಂಥ ಊರಲ್ಲೇ ಹುಟ್ಟಿದ ಎಂಬ ನೇರ ಮಾತಲ್ಲ. ತಾಳಗುಂದವೇ ಅವನ ಊರು ಎನ್ನುವುದು ಬಲವಾದ ಊಹೆ, ನಾನೂ ಅದನ್ನು ಒಪ್ಪುತ್ತೇನೆ. ಆದರೆ ಊಹೆಯನ್ನು ಊಹೆ ಎಂದೇ ಬರೆಯಬೇಕು.

ನಿಮ್ಮೂರ ಗುಡಿಯ ಮುಂದೆಯೂ ಅಕ್ಷರವಿರುವ ಕಲ್ಲಿದ್ದರೆ ಸುಣ್ಣ, ಬಣ್ಣ ಬಳಿಯಲು ಬಿಡಬೇಡಿ. ಫೋಟೋ ತೆಗೆದು ಪುರಾತತ್ತ್ವ ಇಲಾಖೆಗೆ ತಿಳಿಸಿ.